ಚಿಗವ್ವನೂ ಏಳು ರೆಕ್ಕೆಯ ದೇವದೂತನೂ

ಕಮಲಾಪುರದ ಒಬ್ಬ ಹೆಂಗಸು ಜಪಾನ್ ದೇಶದ ಮೇಲೆ ಯುದ್ಧ ಸಾರಿದ್ದಳು ಎಂದರೆ ನೀವು ನಂಬುವುದಿಲ್ಲ. ಜಪಾನಿನವರಿಗೂ ಇನ್ನೂ ಸುದ್ದಿ ಮುಟ್ಟಿಲ್ಲ! ಆದರೆ ಯುದ್ಧ ನಡೆದದ್ದು ಕಲಬುರಗಿಯ ನಮ್ಮ ಮನೆಯ ಹಾಲ್‌ನಲ್ಲಿ. ಹಾಗಾಗಿ ನಾನು ಕಣ್ಣಾರೆ ಕಂಡ ಸಾಕ್ಷಿ. ಯುದ್ಧ ಸಾರಿದವಳು ನನ್ನ ಚಿಗವ್ವ, ಅಂದರೆ ತಾಯಿಯ ತಂಗಿ.

ಕಮಲಾಪುರದ ನಮ್ಮ ಪುಟ್ಟ ಚರ್ಚಿನಲ್ಲಿ ಶನಿವಾರದ ಮಹಿಳಾ ಪ್ರಾರ್ಥನಾ ಕೂಟ ನಡೆಸುವವಳು ಚಿಗವ್ವ. ಎಷ್ಟು ವರ್ಷದಿಂದ ಎಂದು ಕೇಳಬೇಡಿ. ಪಾಸ್ಟರುಗಳು ವರ್ಗವಾಗಿ ಬರುತ್ತಾರೆ, ವರ್ಗವಾಗಿ ಹೋಗುತ್ತಾರೆ. ಚಿಗವ್ವ ಮಾತ್ರ ಕಾಯಂ. ಗಂಡ ತೀರಿಕೊಂಡಿದ್ದಾನೆ, ಮಕ್ಕಳಿಲ್ಲ. ಆ ಕೂಟವೇ ಆಕೆಯ ಸಂಸಾರ. ಅದನ್ನು ಕಿತ್ತುಕೊಂಡರೆ ಆಕೆಯ ಹತ್ತಿರ ಉಳಿಯುವುದು ಒಂದು ಕನ್ನಡಕ ಮತ್ತು ಮನೆತುಂಬ ಹಟ.

ಕಳೆದ ವರ್ಷ ಚಿಗವ್ವನ ಮಂಡಿನೋವಿಗೆ ಕಲಬುರಗಿಯ ಸೇಡಂ ರಸ್ತೆಯ ಒಂದು ಆಸ್ಪತ್ರೆಯಲ್ಲಿ ವ್ಯಾಯಾಮ ಮಾಡಿಸುವುದೆಂದು ನಿಗದಿಯಾಯಿತು. ಸೋಮವಾರದಿಂದ ಶುಕ್ರವಾರದವರೆಗೆ ನಮ್ಮ ಮನೆಯಲ್ಲಿದ್ದು ಅಲ್ಲಿ ಮಂಡಿ ಮಡಚುವುದು, ಶನಿವಾರ ಬೆಳಿಗ್ಗೆ ಬಸ್ಸು ಹತ್ತಿ ಕಮಲಾಪುರದಲ್ಲಿ ಅದೇ ಮಂಡಿ ಊರಿ ಪ್ರಾರ್ಥಿಸುವುದು. ಡಾಕ್ಟರು ಸೋಮವಾರದಿಂದ ರಿಪೇರಿ ಮಾಡಿದ್ದನ್ನು ಚಿಗವ್ವ ಶನಿವಾರ ದೇವರಿಗೆ ಅರ್ಪಿಸಿಬಿಡುತ್ತಿದ್ದಳು.

ಕಾಲೇಜಿಗೆ ಹೋಗುವ ನನ್ನ ಮಗಳಿಗೆ ಅನಿಮೆ ಹುಚ್ಚು. ಅನಿಮೆ ಎಂದರೆ ಜಪಾನಿನ ಕಾರ್ಟೂನು. ಮೂಗು ಸಾಸಿವೆಯಷ್ಟು, ಕಣ್ಣು ಬಟ್ಟಲಷ್ಟು. ಒಂದು ಸಂಜೆ ಚಿಗವ್ವ ಟೀವಿಯತ್ತ ನೋಡಿ ಕೈಯೆತ್ತಿದಳು.

"ಸ್ತೋತ್ರ! ಯವ್ವಾ, ಇಲ್ಲಿ ಬಾ. ನಿನ್ನ ಮಗಳು ದೇವರ ಸಿನಿಮಾ ನೋಡಾಕತ್ತಾಳ!"

ನೋಡಿದರೆ ನಿಜಕ್ಕೂ ಚರ್ಚು. ಬಣ್ಣದ ಗಾಜಿನ ಕಿಟಕಿ, ಸಾಲು ಮೇಣದಬತ್ತಿ, ಎತ್ತರದ ಶಿಲುಬೆ. ಶಿಲುಬೆಯ ಮುಂದೆ ಬೆಳ್ಳಿ ಕೂದಲಿನ ಒಬ್ಬ ಸನ್ಯಾಸಿನಿ ಹುಡುಗಿ ತಲೆಬಾಗಿ ನಿಂತಿದ್ದಾಳೆ. ಚಿಗವ್ವ ಭಕ್ತಿಯಿಂದ ಸೆರಗು ಹೊದ್ದುಕೊಂಡಳು. ಮರುಕ್ಷಣ ಆ ಹುಡುಗಿ ಬೆನ್ನಿನಿಂದ ಕತ್ತಿ ಹಿರಿದು ಗೋಡೆ ಒಡೆದುಕೊಂಡು ಹೊರಗೆ ಹಾರಿದಳು!

"ಅಯ್ಯೋ ನನ್ನ ಕರ್ತನೇ! ಸಿಸ್ಟರ್ ಕೈಯಾಗ ತಲವಾರ್!"

ಅಂದಿನಿಂದ ಚಿಗವ್ವ ಇನ್‌ಸ್ಪೆಕ್ಟರ್ ಆದಳು. ತಪ್ಪು ಹುಡುಕಲೆಂದೇ ದಿನಾ ಮಗಳ ಪಕ್ಕ ಕೂರತೊಡಗಿದಳು. ಕಥೆ ಇಷ್ಟು: ಊರೆಲ್ಲ ಹಾಳಾಗಿದೆ, ಪಾಳುಬಿದ್ದ ಚರ್ಚಿನಲ್ಲಿ ಈ ಅನಾಥ ಹುಡುಗಿ ಒಬ್ಬಳೇ ಇದ್ದಾಳೆ, ಒಬ್ಬ ದೇವದೂತ ಆಕೆಯನ್ನು ಕೊಲ್ಲಲು ಅಟ್ಟಿಸಿಕೊಂಡು ಬರುತ್ತಾನೆ. ದೇವದೂತನೇ ವಿಲನ್! ಆದರೆ ಚಿಗವ್ವನ ಮೊದಲ ತಕರಾರು ಅದಕ್ಕಲ್ಲ.

"ನಿಲ್ಲಸು, ನಿಲ್ಲಸು. ಇವಗ ಏಳು ರೆಕ್ಕಿ ಅವ!"

"ಇದ್ರ ಏನಾತು ಅಜ್ಜಿ?"

"ಏನಾತು? ಬೈಬಲ್ಲಿನ್ಯಾಗ ಸೆರಾಫಿಯರಂಬೋ ದೇವದೂತರಿಗೆ ಆರು ಇರ್ತಾವ. ಎರಡರಲೆ ಮುಖ ಮುಚ್ಕೋತಾರ, ಎರಡರಲೆ ಕಾಲು ಮುಚ್ಕೋತಾರ, ಎರಡರಲೆ ಹಾರ್ತಾರ. ಈ ಏಳನೇದ್ದು ಯಾತಕ್ಕ? ಒಂದು ಕಡಿ ಮೂರು, ಇನ್ನೊಂದು ಕಡಿ ನಾಕು ಇದ್ರ ವಾಲಂಗಿಲ್ಲೇನು?"

ಆ ದೇವದೂತ ಕಾಣಿಸಿಕೊಂಡಾಗಲೆಲ್ಲ ಅವನು ಎಡಕ್ಕೆ ವಾಲುತ್ತಾನೋ ಎಂದು ನಾನೂ ಗಮನಿಸತೊಡಗಿದೆ. ಇನ್ನೊಂದು ದಿನ ಹುಡುಗಿಯ ಬೆಳ್ಳಿ ಕೂದಲಿನ ಸರದಿ.

"ಇಂಥ ಕೂದಲು ಯಾರಿಗರ ಇರ್ತದೇನು?"

"ನಿಮ್ಮ ಕ್ಯಾಲೆಂಡರಿನ್ಯಾಗ ಯೇಸುಸ್ವಾಮಿಗೆ ನೀಲಿ ಕಣ್ಣು, ಬಂಗಾರದ ಕೂದಲು ಅದಲ್ಲ ಅಜ್ಜಿ, ಅದು?"

ಚಿಗವ್ವ ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡಳು. "ಅದು ಪ್ರೆಸ್ಸಿನವರ ತಪ್ಪು," ಎಂದಳು.

ಮಗಳು ತಾಳ್ಮೆಯಿಂದ ತಿಳಿಹೇಳಿದಳು. "ಅಜ್ಜಿ, ಜಪಾನಿನ್ಯಾಗ ಕ್ರಿಶ್ಚನ್ನರು ಭಾಳ ಕಮ್ಮಿ. ಶಿಲುಬಿ, ಚರ್ಚು, ದೇವದೂತರು ಅವರಿಗೆ ಹೊಸ ಥರ ಕಾಣ್ತಾವ. ಛಂದ ಅದಾವಂತ ಹಾಕ್ತಾರ, ಅಷ್ಟೇ."

"ಛಂದ ಅದಾವಂತ!" ಚಿಗವ್ವ ಹೌಹಾರಿದಳು. ಆ ಮಾತನ್ನು ಎರಡು ದಿನ ಬಾಯಲ್ಲಿ ಅಡಿಕೆಯಂತೆ ಅಗಿದಳು. ಮೂರನೆಯ ದಿನ ಸೂಪರ್ ಮಾರ್ಕೆಟ್ ಬಜಾರಿನಲ್ಲಿ ನನ್ನ ಮಾನ ಹೋಯಿತು. ಮೊಬೈಲ್ ಕವರಿನ ಅಂಗಡಿಯಲ್ಲಿ ಒಬ್ಬ ಯುವಕ ಕಪ್ಪು ಅಂಗಿ ತೊಟ್ಟು ನಿಂತಿದ್ದ. ಎದೆಯ ಮೇಲೆ ದೊಡ್ಡ ಶಿಲುಬೆ, ಅದರ ಸುತ್ತ ಜಪಾನಿ ಅಕ್ಷರ. ಚಿಗವ್ವ ನೇರ ಹೋಗಿ ಅವನ ತೋಳು ಹಿಡಿದಳು.

"ಯಾವ ಸಭಾದವ ಅಪ್ಪಾ ನೀ? ದೀಕ್ಷಾಸ್ನಾನ ಆಗ್ಯಾದೇನು?"

ಅವನು ಗಾಬರಿಯಾದ. "ನಹೀ ಅಮ್ಮಾ, ಮೈ ತೋ ಮುಸಲ್ಮಾನ್. ಏ ಡಿಜೈನ್ ಹೈ, ಡಿಜೈನ್!"

"ನಮ್ಮ ಕರ್ತನ ಶಿಲುಬಿ ನಿನಗ ಡಿಜೈನಾ?"

ಪಾಪ, ಆ ಹುಡುಗ ಎದೆಯ ಮೇಲೆ ಕೈಯಿಟ್ಟು ಶಿಲುಬೆ ಮುಚ್ಚಿಕೊಂಡು, "ಮಾಫ್ ಕರೋ ಅಮ್ಮಾ," ಎಂದು ನನಗೊಂದು ಕವರನ್ನು ಕಡಿಮೆ ಬೆಲೆಗೆ ಕೊಟ್ಟ.

ಇದರಲ್ಲಿ ಜಪಾನಿನವರನ್ನೇ ಬೈಯಲು ನನಗೆ ಮನಸ್ಸಿಲ್ಲ. ನಮ್ಮ ಬಡಾವಣೆಯ ಮದುವೆ ಹಾಲ್‌ನ ಬಾಗಿಲಿಗೆ ರೆಕ್ಕೆಯಿರುವ ಎರಡು ಬೆತ್ತಲೆ ಬಿಳಿ ಮಕ್ಕಳು ತುತ್ತೂರಿ ಊದುತ್ತ ನಿಂತಿವೆ. ಅವುಗಳ ಕೆಳಗೇ ಎಲ್ಲ ಜಾತಿ ಧರ್ಮದ ಬೀಗರೂ ಪನ್ನೀರು ಹಾಕಿಸಿಕೊಂಡು ಒಳಗೆ ಹೋಗುತ್ತಾರೆ. "ಇವು ಯಾವ ಧರ್ಮದವು ರೀ?" ಎಂದು ಒಮ್ಮೆ ಮ್ಯಾನೇಜರನ್ನು ಕೇಳಿದೆ. "ಫೈಬರಿನವು ರೀ," ಎಂದ!

ಇಷ್ಟರಲ್ಲಿ ಇನ್‌ಸ್ಪೆಕ್ಟರಿಗೆ ಏನೋ ಆಯಿತು. ತಪ್ಪು ಹುಡುಕುವುದು ನಿಂತಿತು. ಟೀವಿಯಲ್ಲಿ ಹುಡುಗಿ ಓಡಿದರೆ ಚಿಗವ್ವನ ಕಾಲು ಅಲುಗಾಡುತ್ತಿತ್ತು. ಬಿದ್ದರೆ, "ಏಳವ್ವಾ, ಏಳು," ಎನ್ನುತ್ತಿದ್ದಳು. ಒಂದು ಬೆಳಿಗ್ಗೆ ತಟ್ಟೆಯಲ್ಲಿ ರೊಟ್ಟಿ ಮುರಿಯುತ್ತ, "ಆ ಪೋರಿ ನಿನ್ನಿನಿಂದ ಏನೂ ತಿಂದಿಲ್ಲ," ಎಂದಳು. ಯಾವ ಪೋರಿ ಎಂದು ನಾನು ಕೇಳಲಿಲ್ಲ. ಕೇಳಬೇಕಿತ್ತು.

ಏಕೆಂದರೆ ಆ ಶನಿವಾರ ಕಮಲಾಪುರದ ಕೂಟದಲ್ಲಿ ಅನಾಹುತ ನಡೆದುಹೋಯಿತು. ಇದೆಲ್ಲ ನನಗೆ ಆಮೇಲೆ ತಿಳಿದದ್ದು. ಕೂಟದಲ್ಲಿ ಪ್ರಾರ್ಥನೆಗೆ ಮುಂಚೆ ಒಬ್ಬೊಬ್ಬರೂ ತಮ್ಮ ತಮ್ಮ ಪ್ರಾರ್ಥನಾ ವಿಷಯ ಹೇಳುವುದು ಪದ್ಧತಿ. ಸೊಸೆಯ ಹೆರಿಗೆ, ಮಗನ ಪರೀಕ್ಷೆ, ಎಮ್ಮೆಯ ಕೆಚ್ಚಲು, ಯಾವುದೂ ಆಗಬಹುದು. ಮರ್ಯಾದೆಯ ವಿಷಯವಾದರೆ ಹೆಸರು ಹೇಳುವ ಹಾಗಿಲ್ಲ, ಯಾರೂ ಕೇಳುವ ಹಾಗೂ ಇಲ್ಲ. ಕೊನೆಗೆ ಚಿಗವ್ವ ತನ್ನದನ್ನು ಹೇಳಿದಳು.

"ನನಗ ಗೊತ್ತಿರೋ ಒಂದು ಪೋರಿ ಅದ. ತಂದಿ ಇಲ್ಲ, ತಾಯಿ ಇಲ್ಲ. ಪಾಳುಬಿದ್ದ ಚರ್ಚಿನ್ಯಾಗ ಒಬ್ಬಾಕಿನೇ ಇರ್ತಾಳ. ಹೊಟ್ಟಿಗಿ ಕೂಳಿಲ್ಲ. ಒಬ್ಬವ ಆಕಿನ್ನ ಕೊಲ್ಲಬೇಕಂತ ಬೆನ್ನು ಹತ್ಯಾನ. ಹೆಸರು ಬ್ಯಾಡ, ದೇವರಿಗಿ ಗೊತ್ತದ."

ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಂಡರು. ಒಬ್ಬಾಕೆ, "ಆ ದುಷ್ಟನ ಕೈಕಾಲು ಮುರದು ಹಾಕು ಕರ್ತನೇ!" ಎಂದು ಜೋರಾಗಿ ಮೊರೆಯಿಟ್ಟಳು. ದೇವದೂತನ ಕೈಕಾಲು ಮುರಿಯಲೆಂದು ಒಂದು ಸಭೆ ಪ್ರಾರ್ಥಿಸಿದ್ದು ಪ್ರಾಯಶಃ ಅದೇ ಮೊದಲು!

ವಾರ ಕಳೆದಂತೆ ಹುಡುಗಿ ಬೆಳೆದಳು. ಕಲಬುರಗಿ ಹತ್ತಿರದ ನಂದೂರಿನ ಯಾವುದೋ ದಾಲ್ ಮಿಲ್ಲಿನ ಹಿಂದೆ ಇದ್ದಾಳೆ ಎಂದರು ಕೆಲವರು. ಶರಣಸಿರಸಗಿ ಕಡೆ ಅಂಥದ್ದೊಂದು ಪಾಳು ಕಟ್ಟಡವನ್ನು ತಾನೇ ಕಂಡಿದ್ದೇನೆ ಎಂದಳು ಒಬ್ಬಾಕೆ. ಹೊಸದಾಗಿ ಬಂದ ಪಾಸ್ಟರರ ಹೆಂಡತಿ, ಎಲ್ಲರೂ ಪಾಸ್ಟರಮ್ಮ ಎನ್ನುತ್ತಾರೆ, ಉಪವಾಸ ಪ್ರಾರ್ಥನೆ ಇಟ್ಟರು. ಚಿಗವ್ವನೂ ಉಪವಾಸ ಮಾಡಿದಳು. ನಿಜ ಹೇಳಲು ಮಾತ್ರ ಬಾಯಿ ಬಿಡಲಿಲ್ಲ.

ಒಂದು ರಜಾ ದಿನ ಬೆಳಿಗ್ಗೆ ನಮ್ಮ ಗೇಟಿನ ಮುಂದೆ ಟಂಟಂ ಆಟೋ ನಿಂತಿತು. ಒಳಗಿನಿಂದ ಪಾಸ್ಟರಮ್ಮ ಇಳಿದರು, ಕೂಟದ ಹೆಂಗಸರು ಇಳಿದರು, ಒಂದು ರಗ್ಗು ಇಳಿಯಿತು, ಸ್ವೆಟರ್ ಇಳಿಯಿತು. ಕಮಲಾಪುರದ ರಸ್ತೆ ಬದಿಯಲ್ಲಿ ಹಣ್ಣು ಮಾರುವ ಮುದುಕಿಯೊಬ್ಬಳು ಕೆಂಪು ಬಾಳೆಯ ಗೊನೆಯನ್ನು ಕೂಸಿನಂತೆ ಅಪ್ಪಿಕೊಂಡು ಇಳಿದಳು.

"ಅಕ್ಕೋರೆ, ಆ ಪೋರಿನ್ನ ನೋಡಬೇಕು. ಎಲ್ಲಿದಾಳ, ಕರಕೊಂಡು ನಡೀರಿ," ಎಂದರು ಪಾಸ್ಟರಮ್ಮ ಚಿಗವ್ವನಿಗೆ.

ಮಗಳು ನಗು ತಡೆಯಲಾರದೆ ಅಡುಗೆಮನೆಗೆ ಓಡಿದಳು. ಚಿಗವ್ವ ಗೊನೆಯನ್ನೂ ರಗ್ಗನ್ನೂ ನೋಡಿದಳು. ಸುಳ್ಳು ಹೇಳಿ ಕಳಿಸಬಹುದಿತ್ತು. ಹುಡುಗಿ ಬೇರೆ ಊರಿಗೆ ಹೋದಳು ಎಂದರೆ ಮುಗಿಯುತ್ತಿತ್ತು. ಆಕೆ ಎದ್ದುಹೋಗಿ ಟೀವಿ ಹಚ್ಚಿದಳು.

"ಈಕಿನೇ ರೀ," ಎಂದಳು.

ಪರದೆಯ ಮೇಲೆ ಬೆಳ್ಳಿ ಕೂದಲಿನ ಹುಡುಗಿ ಗಾಳಿಯಲ್ಲಿ ಗಿರ್ರನೆ ತಿರುಗಿ ಕತ್ತಿ ಬೀಸಿದಳು.

"ಅಕ್ಕೋರೆ, ಇದು ಕಾರ್ಟೂನು!" ಪಾಸ್ಟರಮ್ಮ ಟೀವಿಗೆ ಬೆನ್ನು ತಿರುಗಿಸಿದರು. "ನಾವು ಉಪವಾಸ ಬಿದ್ದಿದ್ದು ಈ ಗೊಂಬಿ ಸಲುವಾಗೇನು? ಊರಿನ್ಯಾಗ ಮುಖ ಹ್ಯಾಂಗ ತೋರಸೋಣ? ಇನ್ನ ಮ್ಯಾಲೆ ಕೂಟ ನೀವು ನಡಸೋದು ಬ್ಯಾಡ ರೀ."

ನಾನು ನಡುವೆ ಬಾಯಿ ಹಾಕಲು ಹೋದೆ. ಚಿಗವ್ವ ಕೈಯೆತ್ತಿ ತಡೆದಳು.

"ಹೆಸರು ಹೇಳಲಾರದಕ್ಕ ನೀವು ಖರೇ ಪೋರಿ ಅಂತ ತಿಳದ್ರಿ. ನಾನು ಬಿಡಿಸಿ ಹೇಳಲಿಲ್ಲ, ತಪ್ಪು ನಂದೇ. ಕಾರ್ಟೂನಂತ ನನಗ ಗೊತ್ತಿತ್ತು ರೀ. ಆದ್ರ ನೋಡ್ರಿ, ಅವರು ಚರ್ಚು ಕಟ್ಯಾರ, ಶಿಲುಬಿ ನಿಲ್ಲಿಸ್ಯಾರ, ಮೇಣಬತ್ತಿ ಹಚ್ಯಾರ, ದೇವದೂತಗ ಒಂದು ರೆಕ್ಕಿ ಜಾಸ್ತಿನೇ ಕೊಟ್ಟಾರ. ಎಲ್ಲಾ ಹಾಕ್ಯಾರ. ಆ ಪೋರಿ ಸಲುವಾಗಿ ಪ್ರಾರ್ಥನಾ ಮಾಡವರನ್ನ ಹಾಕೋದು ಮರತಾರ. ಅಷ್ಟು ದೊಡ್ಡ ಚರ್ಚಿನ್ಯಾಗ ಒಬ್ಬರೂ ಇಲ್ಲ ರೀ. ನನಗ ತಡಕೊಳ್ಳಾಕ ಆಗಲಿಲ್ಲ."

ಗೊನೆ ಹಿಡಿದ ಮುದುಕಿ ಟೀವಿಯ ಹತ್ತಿರ ಸರಿದು ಕಣ್ಣು ಕಿರಿದು ಮಾಡಿ ನೋಡಿದಳು.

"ಅದೆಲ್ಲ ಇರ್ಲಿ ಯವ್ವಾ. ಈಗರ ಉಂಡಾಳೋ ಇಲ್ಲೋ ಈಕಿ?"

ಅದು ಯಾರಿಗೂ ಗೊತ್ತಿರಲಿಲ್ಲ. ತಿಳಿಯಬೇಕಾದರೆ ನೋಡಲೇಬೇಕು. ಮಗಳು ಹೊರಬಂದು ಮುಂದಿನ ಕಂತು ಹಾಕಿದಳು. ಒಬ್ಬೊಬ್ಬರಾಗಿ ಚಾಪೆಯ ಮೇಲೆ ಕೂತರು, ಕೊನೆಗೆ ಪಾಸ್ಟರಮ್ಮನೂ. ದೇವದೂತ ಬಂದಾಗ ಬೈಗುಳಗಳು ಹಾರಿದವು. ಕಂತಿನ ಕೊನೆಗೆ ಯಾರೋ ಅಪರಿಚಿತಳು ಹುಡುಗಿಯ ಮುಂದೆ ಬಿಸಿ ಗಂಜಿಯ ಬಟ್ಟಲಿಟ್ಟಳು. ಹುಡುಗಿ ಎರಡೂ ಕೈಯಲ್ಲಿ ಎತ್ತಿ ಕುಡಿದಳು. ನಮ್ಮ ಹಾಲ್‌ನಲ್ಲಿ ಎಲ್ಲರ ಬಾಯಿಂದ ಒಟ್ಟಿಗೆ, "ಸ್ತೋತ್ರ!" ಹೊರಟಿತು. ಮುದುಕಿ ಗೊನೆಯಿಂದ ಹಣ್ಣು ಕಿತ್ತು ಎಲ್ಲರಿಗೂ ಹಂಚಿದಳು. ಆ ಹುಡುಗಿಯ ಹೆಸರಿನಲ್ಲಿ ನಾವೆಲ್ಲ ತಿಂದೆವು.

ಹೊರಡುವಾಗ ಎಲ್ಲರೂ ಆಟೋ ಹತ್ತಿದರು. ಚಿಗವ್ವ ಬಾಗಿಲ ಹಿಂದೆ ನಿಂತೇ ಇದ್ದಳು. ಕೂಟ ಹೋಯಿತೆಂದೇ ಆಕೆ ತಿಳಿದಿದ್ದಳು. ಸೆರಗಿನ ಅಂಚನ್ನು ಬೆರಳಿಗೆ ಸುತ್ತುತ್ತಿದ್ದಳು, ಬಿಚ್ಚುತ್ತಿದ್ದಳು. ಪಾಸ್ಟರಮ್ಮ ಆಟೋದಿಂದ ಮತ್ತೆ ಇಳಿದು ಬಂದು ಆಕೆಯ ಕೈ ಹಿಡಿದರು.

"ಅಕ್ಕೋರೆ, ಶನಿವಾರ ಬರ್ರಿ. ನೀವು ಬರಲಿಲ್ಲಂದ್ರ ನಮ್ಮ ಸಲುವಾಗಿ ಪ್ರಾರ್ಥನಾ ಮಾಡವರು ಯಾರದಾರ ರೀ?"

ಚಿಗವ್ವ ಅವರ ಹೆಗಲ ಮೇಲೆ ತಲೆಯಿಟ್ಟು ಮಗುವಿನಂತೆ ಅತ್ತುಬಿಟ್ಟಳು. ನಾನು ಒಳಗೆ ಹೋಗಿ, ಯಾರಿಗೂ ಕಾಣದಂತೆ ಅತ್ತು ಬಂದೆ.