ಅರಸರ ಮಂಡಿನೋವು

ಸೊಸೆ ತಯಾರಿಸಿದ ಚಾರಿತ್ರಿಕ ಸಾಕ್ಷ್ಯಚಿತ್ರದಲ್ಲಿ ಏನೇ ಹೇಳಿದ್ದರೂ ಮಾವನವರು ಮುನ್ನೂರು ವರ್ಷದ ಹಿಂದೆ ಕೋಟೆ ಬಿಟ್ಟು ಓಡಿಹೋಗಿಲ್ಲವೆಂದು ಪರಿಶೀಲನಾ ಸಮಿತಿ ಸರ್ವಾನುಮತದಿಂದ ತೀರ್ಮಾನಿಸಿತು.

ತಪ್ಪು ಸೊಸೆಯದೇ. ಚಿತ್ರಕಥೆ ಬರೆಯುವವಳೂ ಅವಳೇ, ನಿರ್ಮಾಪಕಿಯೂ ಅವಳೇ. ಮೊದಲ ಚಿತ್ರ ತೆಗೆದಾಗ ಆ ಕೋಟೆಯಾಳಿದ ಅರಸನ ಒಂದು ಪಟವೂ ಸಿಗಲಿಲ್ಲ, ನಟರನ್ನು ಕರೆಸಲು ಕೈಯಲ್ಲಿ ಕಾಸಿರಲಿಲ್ಲ. ಹಾಗಾಗಿ ಹಿಟ್ಟಿನ ಜರಡಿಗೆ ಚಿನ್ನದ ಬಣ್ಣ ಬಳಿದು ಮಾವನ ತಲೆಗಿಟ್ಟಳು. ಗಂಡನ ಕೈಗೆ ಕತ್ತಿ ಕೊಟ್ಟು ಸೇನಾಪತಿ ಮಾಡಿದಳು. ಆಮೇಲೆ ಮಾವನ ಮುಖ ಪಠ್ಯಪುಸ್ತಕಕ್ಕೆ ಹೋಯಿತು, ಅಂಚೆಚೀಟಿಗೆ ಹೋಯಿತು, ಕೊನೆಗೆ ಬಸ್ ನಿಲ್ದಾಣದೆದುರು ಕುದುರೆ ಹತ್ತಿ ಕೂತಿತು.

ಹಿಂದಿನವೆಲ್ಲ ಹೊಟ್ಟೆಪಾಡಿನ ಚಿತ್ರಗಳು. ಈಗಿನದು ಮಾತ್ರ ನಿಜ ಹೇಳಿ ಹೆಸರು ಮಾಡಬೇಕೆಂದು ತೆಗೆದದ್ದು. ಅರಸ ಹಿಂಬಾಗಿಲಿನಿಂದ ಪರಾರಿಯಾದದ್ದು ಖಚಿತ. ಓಡಿಬಂದವನಿಗೆ ಅನ್ನವಿಟ್ಟವರು ನೂರ್ಕಾಲ ಬಾಳಲಿ ಎಂದು ಪಕ್ಕದ ರಾಜ್ಯದಲ್ಲಿ ಆತನೇ ಕಲ್ಲಿನಲ್ಲಿ ಕೆತ್ತಿಸಿದ್ದಾನೆ.

ಸಮಿತಿಯ ಅಧ್ಯಕ್ಷರು ಕನ್ನಡಕ ತೆಗೆದರು. "ಓಡಿಹೋದ್ರು ಅಂತೀರಲ್ಲಮ್ಮಾ, ಅರಸರನ್ನ ಒಂದ್ಮಾತು ಕೇಳಿದ್ರಾ?"

"ಅವರು ಸತ್ತು ಎಷ್ಟು ತಲೆಮಾರಾಯ್ತು, ಸಾರ್!"

"ನಿನ್ನೆ ತಾನೇ ಬ್ಯಾಂಕಲ್ಲಿ ಸಿಕ್ಕಿದ್ರು. ಕ್ಯೂನಲ್ಲಿ ನಾನೇ ಮುಂದೆ ಬಿಟ್ಟೆ."

"ಅವರು ನಮ್ಮ ಮಾವ, ಸಾರ್!"

"ಹಾಗಾದ್ರೆ ನಿಮ್ಮ ಮಾತು ನಂಬೋಕಾಗಲ್ಲ. ಮಾವ-ಸೊಸೆ ಅಂದ್ಮೇಲೆ ಮನೇಲಿ ಏನೇನೋ ಇರುತ್ತೆ."

ಚಾರಿತ್ರಿಕ ವ್ಯಕ್ತಿಯು ಹಾಜರಾಗಲು ಶಕ್ತನಿದ್ದಲ್ಲಿ ಆತನ ಹೇಳಿಕೆ ಪಡೆಯತಕ್ಕದ್ದು ಎಂಬ ನಿಯಮವನ್ನು ಅಲ್ಲೇ ರಚಿಸಿ, ಅಲ್ಲೇ ಪಾಲಿಸಲಾಯಿತು. ಮಾವ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಬಂದರು.

"ನಾನು ಓಡೋದಾ? ಮೆಟ್ಟಿಲು ಹತ್ತೋಕೇ ಆಗಲ್ಲ. ಎರಡೂ ಮಂಡಿ ಹೋಗಿವೆ."

ಅರಸರಿಗೆ ಮಂಡಿನೋವಿದ್ದ ಕಾರಣ ಪಲಾಯನ ಅಸಾಧ್ಯವೆಂದು ದಾಖಲಾಯಿತು. ಆದರೂ ಯಾರೋ ಓಡಿದ್ದಂತೂ ಹೌದು, ಕಲ್ಲೇ ಹೇಳುತ್ತಿದೆಯಲ್ಲ. ಓಡಿದವನು ಸೇನಾಪತಿ ಎಂದು ತಿದ್ದಿದರೆ ಅನುಮತಿ, ಇಲ್ಲದಿದ್ದರೆ ಚಿತ್ರ ಕಪಾಟಿಗೆ.

ಮಗನ ಪರವಾಗಿ ಅತ್ತೆಯಾದರೂ ಜಗಳಕ್ಕೆ ನಿಲ್ಲುತ್ತಾರೆಂದು ಸೊಸೆ ಕಾದಳು.

"ಅವನೇ ಇರ್ಬೇಕು ಬಿಡು," ಎಂದರು ಅತ್ತೆ. "ಚಿಕ್ಕಂದಿನಿಂದ್ಲೂ ಪುಕ್ಕಲ."

ಸೊಸೆ ತಿದ್ದಿದಳು. ಚಿತ್ರಕ್ಕೆ ಪ್ರಶಸ್ತಿ ಬಂತು. 'ನಿರ್ಭೀತ ಸತ್ಯಶೋಧನೆ' ಎಂದು ಫಲಕದಲ್ಲಿ ಬರೆದಿತ್ತು. ಮಾವನನ್ನು ಕಂಡರೆ ಬೀದಿ ಎದ್ದು ನಿಲ್ಲುತ್ತಿತ್ತು. ಗಂಡನಿಗೆ ಮಾತ್ರ ಕ್ಷೌರದವನು ಕುರ್ಚಿ ಕೊಡಲಿಲ್ಲ, ಆಫೀಸಿನಲ್ಲಿ ಹಿಂಬಾಗಿಲಿನ ಪಕ್ಕಕ್ಕೆ ಮೇಜು ಹಾಕಿಕೊಟ್ಟರು. ಆತ ಯಾರ ಹತ್ತಿರವೂ ವಾದಿಸಲಿಲ್ಲ.

ಒಂದು ದಿನ ಊಟಕ್ಕೆ ಬಡಿಸುವಾಗ ಸೊಸೆಗೆ ತಡೆಯಲಾಗಲಿಲ್ಲ. "ಅಲ್ಲಾ ರೀ, ಅಷ್ಟು ಜನ ನಿಮ್ಮನ್ನೇ ನಂಬ್ಕೊಂಡಿದ್ರಲ್ಲ. ಯಾಕ್ರೀ ಓಡಿದ್ರಿ?"

ಗಂಡ ಕಲೆಸಿದ ತುತ್ತನ್ನು ತಟ್ಟೆಗೆ ಹಾಕಿದ.

"ಆನೆಗಳು ಬಂದ್ಬಿಟ್ವು ಕಣೇ," ಎಂದ. "ಕೈಕಾಲೇ ಆಡ್ಲಿಲ್ಲ."

ಅವಳು ಸೌಟು ಕೆಳಗಿಟ್ಟು ಒಳಗಿಂದ ಕ್ಯಾಮೆರಾ ತಂದಳು.

"ಸ್ವಲ್ಪ ಬೆಳಕಿನ ಕಡೆ ತಿರುಗ್ರೀ," ಎಂದಳು. "ಎಷ್ಟು ಆನೆ?"