ಕಣ್ಣು ಬಂದ ಮನೆಯಲ್ಲಿ ಶಿಸ್ತು

ರೋಗಾಣುಗಳ ಮೇಲೆ ನನಗೆ ಮೊದಲಿನಿಂದಲೂ ಒಂದು ಬಗೆಯ ಗೌರವ. ರಜೆ ಕೇಳುವುದಿಲ್ಲ, ನೆಪ ಹೇಳುವುದಿಲ್ಲ, ಒಬ್ಬರನ್ನು ಮುಗಿಸಿಕೊಂಡು ಸರದಿಯಂತೆ ಮುಂದಿನವರ ಬಳಿಗೆ ಹೋಗುತ್ತವೆ. ಹಾಸ್ಟೆಲ್ ವಾರ್ಡನ್ ಆಗಿ ಸರ್ವಿಸ್ ಪೂರ್ತಿ ಹುಡುಗರಲ್ಲಿ ಹುಡುಕಿ ಕಾಣದ ಗುಣಗಳೆಲ್ಲ ಅವುಗಳಲ್ಲಿವೆ. ನಿವೃತ್ತನಾದ ಮೇಲೆ ಶ್ರೀರಾಂಪುರದ ನಮ್ಮ ಮನೆಯನ್ನೂ ನಾನು ಹಾಸ್ಟೆಲಿನಂತೆಯೇ ನಡೆಸುತ್ತಿದ್ದೇನೆ. ಸ್ನಾನ, ಪೂಜೆ, ತಿಂಡಿ ಎಲ್ಲಕ್ಕೂ ಹೊತ್ತಿದೆ. ಬೇಸಿನ್ ಪಕ್ಕದ ಮೊಳೆಯಲ್ಲಿ ಒಂದು ಬಿಳಿ ಟವೆಲ್ಲಿದೆ; ಭಾನುವಾರ ಒಗೆಯಲು ಇಳಿದರೆ ಸೋಮವಾರ ಮತ್ತೆ ಏರುತ್ತದೆ.

ಹೀಗಿರುವಾಗ ಮಗ ಮಹೇಶ ಆಫೀಸಿನಿಂದ ಮದ್ರಾಸ್ ಐ ಹೊತ್ತು ತಂದ. ಬೇರೆ ಸಮಯವಾಗಿದ್ದರೆ ಚಿಂತೆಯಿರಲಿಲ್ಲ. ಆದರೆ ತಿಂಗಳ ಕೊನೆಗೆ ಅವನ ಮಗಳು ಶಾಂಭವಿಯ ಭರತನಾಟ್ಯ ರಂಗಪ್ರವೇಶವಿತ್ತು. ಕಾಲು ಉಳುಕಿದರೆ ಪಟ್ಟಿ ಕಟ್ಟಿಕೊಂಡು ಕುಣಿದಾಳು. ಕಣ್ಣೇ ಊದಿಕೊಂಡರೆ ಅಭಿನಯಕ್ಕೆ ಏನು ಗತಿ? ಅವಳಂತೂ, "ತಾತ, ನೀವು ಮುಂದಿನ ಸಾಲಲ್ಲೇ ಕೂತ್ಕೋಬೇಕು. ಭಯ ಆದ್ರೆ ನಿಮ್ಮನ್ನ ನೋಡ್ತೀನಿ" ಎಂದಿದ್ದಳು. ನನ್ನನ್ನು ನೋಡಿ ಭಯ ಕಳೆದುಕೊಳ್ಳುವ ಮೊದಲ ಮನುಷ್ಯಜೀವಿ ಅವಳು. ಹಾಸ್ಟೆಲಿನಲ್ಲಿ ಇದು ಉಲ್ಟಾ ಇತ್ತು.

ಕೂಡಲೇ ಕ್ರಮ ಕೈಗೊಂಡೆ. ಮಹೇಶನನ್ನು ಹಿಂದಿನ ರೂಮಿಗೆ ಹಾಕಿ, 'ಕಣ್ಣು ಬಂದವರು ಕೈ ತೊಳೆಯುವುದಕ್ಕಲ್ಲದೆ ರೂಮು ಬಿಟ್ಟು ಬರತಕ್ಕದ್ದಲ್ಲ' ಎಂದು ಬರೆದು ಬಾಗಿಲಿಗೆ ಅಂಟಿಸಿದೆ. ನನ್ನ ಹೆಂಡತಿ ಗಿರಿಜ, "ಅವನ ಕಣ್ಣು ನೋಡ್ಬೇಡಿ ಕಣ್ರೀ, ನೋಡಿದ್ರೆ ಅಂಟ್ಕೊಂಬುಡ್ತದೆ" ಎಂದು ಕಪ್ಪು ಕನ್ನಡಕ ಹಾಕಿಕೊಂಡೇ ಸಾರಿಗೆ ಒಗ್ಗರಣೆ ಕೊಡತೊಡಗಿದಳು.

"ಇದೇನು ಟಾರ್ಚ್ ಬೆಳಕೇನೇ, ಕಣ್ಣಿಂದ ಕಣ್ಣಿಗೆ ಹಾರೋಕೆ? ಕೈಯಿಂದ ಹರಡೋದು. ಕೈ ತೊಳೀರಿ!" ಎಂದು ನಾನು ವಿಜ್ಞಾನವನ್ನು ಬೋಧಿಸಿದೆ. ಯಾರು ಎಲ್ಲಿಂದ ಎದ್ದರೂ ಸೋಪು ಹಚ್ಚಿ ಕೈ ತೊಳೆಯಬೇಕು, ನೆಲಕ್ಕೆ ನೀರು ಚೆಲ್ಲದೆ ನೀಟಾಗಿ ಒರೆಸಿಕೊಳ್ಳಬೇಕು. ನಾನೇ ಪಕ್ಕದಲ್ಲಿ ನಿಂತು ನೋಡುತ್ತಿದ್ದೆ. ಗಿರಿಜಳ ಕಣ್ಣು ಕೆಂಪಾಯಿತು. ಇನ್ನಷ್ಟು ಕೈ ತೊಳೆಸಿದೆ. ಸೊಸೆಯದೂ ಆಯಿತು. ಮತ್ತೂ ತೊಳೆಸಿದೆ. ಒಂದು ಬೆಳಿಗ್ಗೆ ಶಾಂಭವಿ ರೆಪ್ಪೆ ಬಿಡಿಸಲಾರದೆ ಅಳುತ್ತಾ ಎದ್ದಳು.

ಡಾಕ್ಟರು ನನ್ನ ವ್ಯವಸ್ಥೆಯನ್ನೆಲ್ಲ ಕೇಳಿ ತಲೆದೂಗಿದರು. "ಬಹಳ ಚೆನ್ನಾಗಿ ಮಾಡಿದ್ದೀರಿ ಸಾರ್. ಕೈ ಒರೆಸ್ಕೊಳ್ಳೋದು ಯಾವುದ್ರಲ್ಲಿ?"

"ಟವೆಲ್ಲಲ್ಲಿ. ಬೇಸಿನ್ ಪಕ್ಕದಲ್ಲೇ ಹಾಕಿದ್ದೀನಿ, ಎಲ್ಲರಿಗೂ."

"ಎಲ್ಲರಿಗೂ ಒಂದೇನಾ?"

"ಒಂದೇ," ಎಂದೆ. ಆ ಪದ ಬಾಯಿಂದ ಹೊರಬಂದ ಮೇಲೆ ಅದರ ಅರ್ಥ ನನಗೂ ಆಯಿತು. ಶಾಂಭವಿ ಊದಿದ ಕಣ್ಣಲ್ಲೇ ನನ್ನತ್ತ ತಿರುಗಿದಳು. ನೋಟದಿಂದ ಯಾರಿಗೂ ಏನೂ ಆಗುವುದಿಲ್ಲ ಎಂಬ ನನ್ನ ವಾದ ಆಗ ಸ್ವಲ್ಪ ಸಡಿಲವಾಯಿತು.

ಅಂದಿನಿಂದ ಮನೆಯಲ್ಲಿ ಒಬ್ಬೊಬ್ಬರಿಗೆ ಒಂದೊಂದು ಬಣ್ಣದ ಟವೆಲ್. ಕುದಿಸಿ ತೆಗೆದ ಬಿಳಿಯದನ್ನು ಮುಟ್ಟಲು ಯಾರೂ ಒಪ್ಪದೆ ಅದು ನನ್ನ ಪಾಲಿಗೇ ಬಂತು. ಪುಣ್ಯಕ್ಕೆ ರಂಗಪ್ರವೇಶದ ಹೊತ್ತಿಗೆ ಶಾಂಭವಿಯ ಕಣ್ಣು ತಿಳಿಯಾಯಿತು. ಅದೇ ದಿನ ರೇಷ್ಮೆ ಪಂಚೆ ಉಟ್ಟು ಕನ್ನಡಿ ನೋಡಿದರೆ, ನನ್ನ ಬಲಗಣ್ಣು ಕುಂಕುಮ!

ಕಪ್ಪು ಕನ್ನಡಕ ಏರಿಸಿ ಗಂಭೀರವಾಗಿ ಹೊರಬಂದೆ.

"ಮನೆ ಒಳಗೇ ಬಿಸಿಲೇನ್ರೀ? ತೆಗೀರಿ," ಎಂದಳು ಗಿರಿಜ. ತೆಗೆದೆ. "ಬಂದೋರಿಗೆಲ್ಲ ಪ್ರಸಾದ ಹಂಚ್ದಂಗೆ ಹಂಚ್ಬುಡೋಣ ಅಂತಾನಾ? ಹಿಂದಿನ ರೂಮ್ ಬಾಗ್ಲಲ್ಲಿ ಏನ್ ಬರ್ದಿದೀರಿ, ಓದ್ಕಳಿ."

"ಕೊನೇ ಸಾಲಲ್ಲಿ, ಒಂದು ಮೂಲೇಲಿ..."

"ಹಾಸ್ಟೆಲ್ ಹುಡುಗರನ್ನ ಹಿಂಗೇ ಬುಡ್ತಿದ್ರಾ?"

ಬಿಡುತ್ತಿರಲಿಲ್ಲ. ಹಿಂದಿನ ರೂಮಿಗೆ ಹೋಗಿ ಕೂತೆ.

ಹೊರಡುವ ಮುನ್ನ ಶಾಂಭವಿ ಪೂರ್ತಿ ಅಲಂಕಾರದಲ್ಲಿ ಕಿಟಕಿಯಾಚೆ, ಸಾಕಷ್ಟು ದೂರದಲ್ಲಿ ಬಂದು ನಿಂತಳು. "ನಿಮ್ಮನ್ನ ಈಗ್ಲೇ ನೋಡ್ಕೊಂಬುಡ್ತೀನಿ ತಾತ. ಕುಣಿದು ಮುಗಿಯೋವರೆಗೂ ಸಾಲ್ಬೇಕು." ಕಾಡಿಗೆ ತೀಡಿದ ಕಣ್ಣನ್ನು ಅರಳಿಸಿ ನೋಡಿದಳು. ನಾನೂ ಒಂದೂವರೆ ಕಣ್ಣಿನಲ್ಲಿ ಆದಷ್ಟು ಧೈರ್ಯ ಕಳಿಸಿದೆ. "ಆಮೇಲೆ ಕೈ ತೊಳ್ಕೊಳ್ಳಿ," ಎಂದು ಹೇಳಿ ಓಡಿದಳು.

ತೊಳೆದುಕೊಂಡೆ. ಬಿಳಿ ಟವೆಲ್ಲಿನಲ್ಲಿ ನೀಟಾಗಿ ಒರೆಸಿಕೊಂಡೆ. ನಮ್ಮ ಹಾಸ್ಟೆಲಿನಲ್ಲಿ ಹುಡುಗರೆಲ್ಲರ ಊಟವಾದ ಮೇಲೆಯೇ ವಾರ್ಡನ್ನಿಗೆ ಬಡಿಸುವ ಪದ್ಧತಿಯಿತ್ತು. ಅದನ್ನು ಜಾರಿಗೆ ತಂದವನು ನಾನೇ. ರೋಗಾಣುಗಳು ಪದ್ಧತಿಯನ್ನು ತಪ್ಪಿಸಿರಲಿಲ್ಲ.