ತಕ್ಕಡೆಪ್ಪನ ಸೋದರತ್ತೆ

ಇದನ್ನು ಬರೆಯುವುದನ್ನು ನಾನು ಎಷ್ಟು ವರ್ಷ ಮುಂದೂಡಿದ್ದೇನೆಂದರೆ, ಮುಂದೂಡಲು ಈಗ ನೆವಗಳೇ ಉಳಿದಿಲ್ಲ. ಮೊದಲು, ನೌಕರಿ ಮುಗಿಯಲಿ ಎಂದೆ. ಮುಗಿಯಿತು. ಮಗಳ ಮದುವೆಯಾಗಲಿ ಎಂದೆ. ಆ ಮಗಳು ಈಗ ಅಜ್ಜಿ! ಕಣ್ಣಿನ ಪೊರೆ ತೆಗೆಸಿಕೊಂಡು ನಿಚ್ಚಳವಾಗಿ ಬರೆಯೋಣ ಎಂದೆ. ಎರಡೂ ಕಣ್ಣಿನದು ತೆಗೆಸಿದ್ದಾಯಿತು. ಮೂರನೆಯ ಕಣ್ಣಿರುವುದು ಶಿವನಿಗೆ, ಬೀದರ ನೌಬಾದದ ಈ ಮುದುಕನಿಗಲ್ಲ. ಆದ್ದರಿಂದ ಹೇಳಿಬಿಡುತ್ತೇನೆ.

ನನ್ನ ಅಕ್ಕನ ಪ್ರಕಾರ ಈ ಭೂಮಿಯ ಮೇಲೆ ಬಡವ ಬಲ್ಲಿದ, ಮೇಲು ಕೀಳು ಎಂಬ ಭೇದವೇ ಇರಲಿಲ್ಲ. ಇದ್ದದ್ದು ಹನ್ನೆರಡೇ ಜಾತಿ: ಟಗರು, ಹೋರಿ, ಜೋಡಿ, ಏಡಿ, ಸಿಂಹ, ಹುಡುಗಿ, ತಕ್ಕಡಿ, ಚೇಳು, ಬಿಲ್ಲು, ಮೊಸಳೆ, ಕೊಡ, ಮೀನು. ಇದರಲ್ಲಿ ಒಂದಕ್ಕೆ ಸೇರದೆ ಯಾವ ಪ್ರಾಣಿಯೂ ಆಕೆಯ ಹೊಸ್ತಿಲು ದಾಟುವಂತಿರಲಿಲ್ಲ!

ನಮ್ಮೂರು ಕಮಠಾಣ. ಅಕ್ಕನನ್ನು ಕೊಟ್ಟದ್ದು ಭಾಲ್ಕಿ ತಾಲ್ಲೂಕಿನ ಸಾಯಗಾಂವಕ್ಕೆ. ಬೀದರದ ಒಂದು ಕಿರಾಣಿ ಅಂಗಡಿಯವರು ಒಂದು ವರ್ಷ ಗಿರಾಕಿಗಳಿಗೆ ಕ್ಯಾಲೆಂಡರು ಹಂಚಿದರು. ಅದರಲ್ಲಿ ದೇವರ ಚಿತ್ರದ ಬದಲು ಒಂದು ದೊಡ್ಡ ಚಕ್ರ, ಚಕ್ರದೊಳಗೆ ಹನ್ನೆರಡು ರಾಶಿಗಳ ಚಿತ್ರ. ಅಕ್ಕನಿಗೆ ಓದು ಬರುತ್ತಿರಲಿಲ್ಲ. ಹೀಗಾಗಿ ಕೆಳಗಿನ ತಾರೀಖುಗಳು ಆಕೆಗೆ ಇರುವೆಯ ಸಾಲು. ಅವನ್ನು ಕತ್ತರಿಸಿ ಒಲೆಗೆ ಹಾಕಿದಳು. ಚಕ್ರವನ್ನು ಮಾತ್ರ ಜೋಳದ ಹಿಟ್ಟಿನ ಅಂಟು ಹಚ್ಚಿ ಅಡುಗೆಮನೆಯ ಬಾಗಿಲಿಗೆ ಮೆತ್ತಿದಳು. ಅಲ್ಲಿಂದ ಶುರುವಾಯಿತು ನೋಡಿ!

"ಅಕ್ಕ, ರಾಶಿ ಅಂದ್ರ ಹುಟ್ಟಿದ ಗಳಿಗಿ ನೋಡಿ ಹೇಳೂದು," ಎಂದು ನಾನು ತಿದ್ದಲು ಹೋದೆ. ಹೈಸ್ಕೂಲು ಮುಗಿಸಿದ ಗರ್ವ ನನಗೆ.

"ಗಳಿಗಿ ನೋಡ್ಲಿಕ್ಕ ಗಡಿಯಾರ ಬೇಕು. ಮಾರಿ ನೋಡ್ಲಿಕ್ಕ ಕಣ್ಣು ಸಾಕು. ನೀ ಏಡಿ."

"ನಾ ಯಾಕ ಏಡಿ?"

"ಸೀದಾ ಕೇಳಿದ್ದಕ್ಕ ಸೀದಾ ಉತ್ತರ ಯಾವತ್ತರ ಕೊಟ್ಟೀಯೇನು? ಅಡ್ಡಡ್ಡ ನಡೀತಿ."

ನಮ್ಮ ಭಾವ ಹೋರಿ. ಎಬ್ಬಿಸಿದರೆ ಏಳುತ್ತಾನೆ, ನಿಲ್ಲಿಸಿದರೆ ನಿಲ್ಲುತ್ತಾನೆ ಎಂಬುದು ಆಕೆಯ ಸಾಕ್ಷ್ಯ. ಭಾವ ಅದನ್ನು ಅಲ್ಲಗಳೆಯಲಿಲ್ಲ. ಮೇವು ಸಿಕ್ಕರೆ ಸಾಕು ಎಂಬಂತೆ ರೊಟ್ಟಿ ಮುರಿಯುತ್ತಿದ್ದ. ಹಾಲೇ ಕೊಡದ ಒಂದು ಆಕಳಿಗೆ 'ಕೊಡೆವ್ವ' ಎಂದು ಹೆಸರಿಟ್ಟಿದ್ದಳು. ನೆರೆಯಾಕೆ ಕೇಳಿದಳು: "ಹನಿ ಹಾಲಿಲ್ಲ, ಕೊಡೆವ್ವ ಅಂತೀಯಲ್ಲಬೇ?" ಅಕ್ಕ ಹೇಳಿದಳು: "ಖಾಲಿ ಇದ್ದದ್ದಕ್ಕೇ ಕೊಡ ಅನ್ನೂದು. ತುಂಬಿದ್ದಕ್ಕ ಬಾವಿ ಅಂತಾರ."

ನಮ್ಮದು ಬಸವಣ್ಣನವರನ್ನು ನಂಬಿದ ಮನೆ. ರಾಶಿ, ನಕ್ಷತ್ರ, ಮುಹೂರ್ತಗಳನ್ನು ಹೊಸ್ತಿಲ ಹೊರಗೇ ಬಿಟ್ಟವರು. ಮಠದ ಅಯ್ಯನವರು ಭಿಕ್ಷೆಗೆ ಬಂದಾಗ ಬಾಗಿಲ ಮೇಲಿನ ಚಕ್ರ ನೋಡಿ ಹುಬ್ಬು ಗಂಟಿಕ್ಕಿದರು.

"ಏನಿದು ತಾಯಿ? ಶರಣರಿಗಿ ರಾಶಿ ಎಲ್ಲಿಂದ ಬಂತು?"

ಅಕ್ಕ ಕೈ ಜೋಡಿಸಿ ನಿಂತಳು. "ಖರೇ ಅದರಿ ಅಪ್ಪೋರ. ಹಿಂಗ ಗಟ್ಟಿಸಿ ಕೇಳೂದು ಮೊಸಳಿ ರಾಶಿಯವರ ಗುಣಾರಿ."

ಅಯ್ಯನವರು ಜೋಳಿಗೆ ಸರಿಪಡಿಸಿಕೊಂಡು ಹೊರಟರು. ಮುಂದಿನ ವಾರ ಬಂದವರು ಅಂಗಳದಿಂದಲೇ ಕೇಳಿದರಂತೆ: "ಮೊಸಳಿ ಅಂದ್ರ ಛಲೋನೋ ಕೆಟ್ಟೋ, ಅಷ್ಟ ಹೇಳು ತಾಯಿ."

ಹೀಗಿರುವಾಗ ನಾವು ಮೈಸೂರು ರಾಜ್ಯಕ್ಕೆ ಸೇರಿದೆವು. ನಾನು ಬೀದರದ ಕಚೇರಿಯೊಂದರಲ್ಲಿ ಗುಮಾಸ್ತ. ಓದಿದ್ದು ಉರ್ದು ಶಾಲೆ, ಮಾತಾಡುವುದು ಕನ್ನಡ, ಬರೆಯಲು ಕೂತರೆ ಎರಡೂ ಕೈಕೊಡುವ ಸ್ಥಿತಿ. 'ದರಖಾಸ್ತು' ಎಂದರೆ ಗೊತ್ತು, 'ಮನವಿ' ಎಂದರೆ ಯಾರದೋ ಮಗಳ ಹೆಸರೆಂದು ತಿಳಿದಿದ್ದೆ! ನನ್ನ ಹೆಂಡತಿ ಆಗ ದಿನ ತುಂಬಿದ ಬಸುರಿ. ಬಾಣಂತನಕ್ಕೆಂದು ಅಕ್ಕ ಬಂದಿದ್ದಳು. ಊರಲ್ಲಿ ಧ್ವಜ, ಭಾಷಣ, ಶಾಲೆಯ ಮಕ್ಕಳಿಗೆ ಪೇಡೆ. ಅಕ್ಕನಿಗೆ ಮಾತ್ರ ಒಂದೇ ಚಿಂತೆ.

"ತಮ್ಮಾ, ಈ ಮೈಸೂರಿಂದು ಯಾವ ರಾಶಿ?"

"ರಾಜ್ಯಕ್ಕ ಎಲ್ಲಿ ರಾಶಿ ಇರ್ತದ ಅಕ್ಕ?"

ಆಕೆ ಎದೆಯ ಮೇಲೆ ಕೈಯಿಟ್ಟುಕೊಂಡಳು. "ಹೈದ್ರಾಬಾದಿಂದ ಬಿಡಿಸಿ ಮೈಸೂರಿಗಿ ಕೊಟ್ಟಾರ, ಜಾತಕನೇ ನೋಡಿಲ್ಲ? ಹಿಂಗ ಹ್ಯಾಂಗ ಬೀಗತನ ಮಾಡಿದ್ರೋ ಯಪ್ಪಾ!"

ಅದೇ ವಾರ ನನಗೆ ಮಗ ಹುಟ್ಟಿದ.

ನಮ್ಮಲ್ಲಿ ಕೂಸಿಗೆ ಹೆಸರಿಡುವ ಹಕ್ಕು ಹೆತ್ತವರದಲ್ಲ, ಸೋದರತ್ತೆಯದು. ತೊಟ್ಟಿಲಿಗೆ ಹಾಕುವ ದಿನ ಆಕೆ ಬಗ್ಗಿ, ಕೂಸಿನ ಕಿವಿಯಲ್ಲಿ ಕುರ್ರ್ ಎಂದು ಹೆಸರು ಹೇಳಬೇಕು. ಹೇಳಿದ ಕೂಡಲೇ ಸುತ್ತ ನಿಂತ ಹೆಂಗಸರೆಲ್ಲ ಆಕೆಯ ಬೆನ್ನಿಗೆ ದಬದಬ ಗುದ್ದಬೇಕು. ಯಾಕೆ ಗುದ್ದುತ್ತಾರೆ ಎಂದು ಯಾರಿಗೂ ಗೊತ್ತಿಲ್ಲ. ಆದರೆ ಆ ಗುದ್ದು ತಿನ್ನದ ಸೋದರತ್ತೆ ಸೋದರತ್ತೆಯೇ ಅಲ್ಲ. ಅಕ್ಕನಿಗೆ ಮಕ್ಕಳಾಗಿರಲಿಲ್ಲ. ಒಡಹುಟ್ಟಿದವನು ನಾನೊಬ್ಬನೇ. ಅಂದರೆ ಈ ಲೋಕದಲ್ಲಿ ಆಕೆ ಹೆಸರಿಡಬಹುದಾದ ಮಕ್ಕಳು ನನ್ನ ಮಕ್ಕಳಷ್ಟೇ. ಇದು ಆಗ ನನ್ನ ತಲೆಗೆ ಹೊಳೆಯಲೇ ಇಲ್ಲ.

ನಾನೂ ನನ್ನ ಹೆಂಡತಿಯೂ 'ಶಿವಕುಮಾರ' ಎಂದು ಗೊತ್ತುಮಾಡಿದ್ದೆವು. ಅಕ್ಕನಿಗೆ ಹೇಳಿದೆ. "ಛಲೋ ಹೆಸರು," ಎಂದಳು. ನಾನು ನಿಶ್ಚಿಂತನಾದೆ. ತೊಟ್ಟಿಲ ದಿನ ಆಕೆ ಕೂಸನ್ನು ಎರಡು ಅಂಗೈಗಳ ಮೇಲೆ ಅಡ್ಡ ಮಲಗಿಸಿಕೊಂಡು, ಅಂಗಡಿಯವನು ಮುಳ್ಳು ನೋಡುವಂತೆ ಕಣ್ಣು ಕಿರಿದು ಮಾಡಿ ನೋಡಿದಳು. ತಲೆಯ ಕಡೆ ಬಾಗಲಿಲ್ಲ, ಕಾಲಿನ ಕಡೆ ಬಾಗಲಿಲ್ಲ. ಆಕೆಯ ಮುಖ ಅರಳಿತು. ಬಗ್ಗಿ ಕಿವಿಯಲ್ಲಿ ಏನೋ ಉಸುರಿದಳು.

"ಏನ್ ಹೆಸರಿಟ್ಟೀಬೇ?" ಎಂದರು ಹೆಂಗಸರು.

"ತಕ್ಕಡೆಪ್ಪ!"

ಗುದ್ದಲು ಎತ್ತಿದ ಕೈಗಳೆಲ್ಲ ಗಾಳಿಯಲ್ಲಿ ನಿಂತವು. ಆಮೇಲೆ ಬಿದ್ದ ಗುದ್ದುಗಳಲ್ಲಿ ಅರ್ಧ ಶಾಸ್ತ್ರದ್ದು, ಅರ್ಧ ಸಿಟ್ಟಿನದು! ಅಕ್ಕ ಎಲ್ಲವನ್ನೂ ನಗುನಗುತ್ತ ತಿಂದಳು.

"ಶಿವಕುಮಾರ ಅಂದ್ರ ಛಲೋ ಹೆಸರು ಅಂದಿದ್ಯಲ್ಲ ಅಕ್ಕ!"

"ಛಲೋ ಅಂದೀನಿ. ಇಡ್ತೇನಿ ಅಂದೀನೇನು? ನೋಡು ತಮ್ಮಾ, ಶಿವಕುಮಾರ ಅನ್ನಾಂವ ನಾಳಿ ಕಳ್ಳ ಆಗಬಹುದು. ತಕ್ಕಡೆಪ್ಪ ಅನ್ನಾಂವ ಹ್ಯಾಂಗ ಆದಾನು? ಹೆಸರಿಗಿ ನಾಚಿಕಿ ಬರೂದಿಲ್ಲೇನು?"

ನಾಚಿಕೆ ಬಂದದ್ದು ನನಗೆ. ಕಚೇರಿಯಲ್ಲಿ ನಾನು ಹೆಸರು ಕಳೆದುಕೊಂಡು 'ತಕ್ಕಡೆಪ್ಪನ ಅಪ್ಪ' ಆದೆ. ಸ್ವಲ್ಪ ವಾಲಿ ನಿಂತರೆ, "ಯಾಕ್ರಿ, ಇವತ್ತು ಒಂದ್ ಕಡಿ ತೂಕ ಹೆಚ್ಚಾಗ್ಯಾದೇನು?" ಎನ್ನುವವರು. ಅಷ್ಟರಲ್ಲಿ ನನಗೆ ಔರಾದಕ್ಕೆ ವರ್ಗವಾಯಿತು. ಅಲ್ಲಿಗೆ ಮೈಸೂರು ಕಡೆಯ ಒಬ್ಬ ಅಧಿಕಾರಿ ಬಂದರು. ಮೆತ್ತಗಿನ ಮಾತು, ಮಡಿಕೆ ಕೆಡದ ಅಂಗಿ. ಅವರ ಕನ್ನಡ ಕೇಳಿದರೆ ನನ್ನ ಕನ್ನಡಕ್ಕೆ ಬಾಯಿ ಒಣಗುತ್ತಿತ್ತು. ಒಂದು ದಿನ ಮಗನನ್ನು ಎತ್ತಿಕೊಂಡು ಹೊರಟಿದ್ದಾಗ ಎದುರಾದರು.

"ಮಗು ಮುದ್ದಾಗಿದೆ ಕಣ್ರೀ. ಏನು ಹೆಸರು?"

"ಇನ್ನೂ ಇಟ್ಟಿಲ್ಲ ಸರ್," ಎಂದೆ.

ಮಗನಿಗೆ ಆಗ ಮೂರು ವರ್ಷ! ಅಧಿಕಾರಿಗಳು ಅವನ ಚಡ್ಡಿ, ಚಪ್ಪಲಿಗಳನ್ನು ನೋಡಿ, "ನಿಮ್ಮ ಕಡೆ ಎಲ್ಲ ಸ್ವಲ್ಪ ನಿಧಾನವೇ," ಎಂದು ಹೊರಟುಹೋದರು.

ಹೆಂಡತಿ ಎರಡನೆಯ ಸಲ ಬಸುರಿಯಾದಳು. ಅಕ್ಕ ನೋಡಲು ಬಂದು, ಆಕೆಯ ಹೊಟ್ಟೆಯ ಮೇಲೆ ಅಂಗೈ ಇಟ್ಟಳು. ಒಳಗಿನಿಂದ ಕೂಸು ಒದೆಯಿತು. "ಕುಟುಕ್ತದ ನೋಡು! ಚೇಳು. ಪಕ್ಕಾ ಚೇಳು. ಹೆಣ್ಣಾದರ ಚೇಳೆವ್ವ, ಗಂಡಾದರ ಚೇಳಪ್ಪ." ಹೇಳಿ, ಶೇಂಗಾ ಹೋಳಿಗೆ ತಿಂದು, ಸಾಯಗಾಂವಕ್ಕೆ ಹೊರಟುಹೋದಳು. ಅಲ್ಲಿಂದ ಹೆರಿಗೆಯವರೆಗೆ ನನಗೆ ಬಿದ್ದ ಕನಸುಗಳೆಲ್ಲ ಕೊಂಡಿಯವು!

ಮಗಳು ಹುಟ್ಟಿದಳು. ತೊಟ್ಟಿಲ ಕಾರ್ಯಕ್ಕೆ ತಾವೂ ಬರುವುದಾಗಿ ಅಧಿಕಾರಿಗಳ ಹೆಂಡತಿ ಹೇಳಿ ಕಳಿಸಿದರು. ಅಂಥವರ ಎದುರು ಅಕ್ಕ ನಿಂತು 'ಚೇಳೆವ್ವ' ಎಂದು ಕೂಗುವುದನ್ನು ನೆನೆದೆ. ನನಗೆ ಸೀದಾ ನಡೆಯುವುದು ಗೊತ್ತಿದ್ದರೆ ಅಕ್ಕನಿಗೇ ಹೇಳುತ್ತಿದ್ದೆ: ಈ ಸಲ ಬೇಡ ಅಕ್ಕ, ನನಗೆ ಕಷ್ಟವಾಗುತ್ತದೆ ಎಂದು. ಹೇಳಲಿಲ್ಲ. ಒಂದು ಅಂಚೆ ಕಾರ್ಡು ತೆಗೆದುಕೊಂಡೆ; ಅಕ್ಕನಿಗೆ ಬಂದ ಕಾಗದಗಳನ್ನು ಸಾಯಗಾಂವದ ಶಾಲೆಯ ಮಾಸ್ತರರೇ ಓದಿ ಹೇಳುತ್ತಿದ್ದರು. ಕಾರ್ಯ ಇದ್ದದ್ದು ಸೋಮವಾರ. ನಾನು ಬರೆದದ್ದು ಗುರುವಾರ. ಕೈತಪ್ಪಿನಿಂದಲ್ಲ. 'ಗುರುವಾರ' ಎಂದು ಬರೆದು, ಓದಿ ನೋಡಿ, ಮಸಿ ಆರಲೆಂದು ಊದಿ, ಡಬ್ಬಿಗೆ ಹಾಕಿದೆ.

ಸೋಮವಾರ ಅಧಿಕಾರಿಗಳ ಹೆಂಡತಿಯೇ ಬಗ್ಗಿ ಮಗಳ ಕಿವಿಯಲ್ಲಿ 'ಸುಲೋಚನಾ' ಎಂದರು. ಸಾಹೇಬರ ಹೆಂಡತಿಯ ಬೆನ್ನಿಗೆ ಗುದ್ದುವ ಧೈರ್ಯ ಔರಾದದಲ್ಲಿ ಯಾರಿಗಿತ್ತು? ನಮ್ಮ ಹೆಂಗಸರು ಅವರ ಸೀರೆಯ ಧೂಳು ಒರೆಸಿದಂತೆ ಮೆಲ್ಲಗೆ ಬೆರಳು ತಾಗಿಸಿದರು. "ಯಾಕ್ರೀ, ಏನಾದ್ರೂ ಹತ್ತಿದೆಯಾ?" ಎಂದು ಆಕೆ ಗಾಬರಿಯಾಗಿ ತಿರುಗಿ ನೋಡಿದರು.

ಗುರುವಾರ ಅಕ್ಕ ಬಂದಳು. ಸಾಯಗಾಂವದಿಂದ ಭಾಲ್ಕಿಗೆ ಬಂಡಿ, ಭಾಲ್ಕಿಯಿಂದ ಬೀದರಕ್ಕೆ ಮೋಟಾರು, ಬೀದರದಿಂದ ಔರಾದಕ್ಕೆ ಇನ್ನೊಂದು. ತಲೆಯ ಮೇಲೆ ಗಂಟು. ಗಂಟಿನಲ್ಲಿ ಕೊಬ್ಬರಿ, ಕುಬುಸದ ಬಟ್ಟೆ, ತಾನೇ ಹೊಲಿದ ಒಂದು ಪುಟ್ಟ ಕೌದಿ. ಒಳಗೆ ಬಂದವಳು ತೂಗುತ್ತಿದ್ದ ತೊಟ್ಟಿಲು ನೋಡಿದಳು, ಅದಕ್ಕೆ ಕಟ್ಟಿದ ಬಾಡಿದ ಹೂ ನೋಡಿದಳು. ಗಂಟು ಇಳಿಸಲಿಲ್ಲ.

"ಆಗಿಹೋಯ್ತೇನು?" ಎಂದಳು. ಆಮೇಲೆ, "ಗುದ್ದು ಯಾರು ತಿಂದ್ರು?"

ನನ್ನ ಹೆಂಡತಿ ನನ್ನ ಮುಖ ನೋಡಿದಳು. ನಾನು ಗೋಡೆಯ ಮುಖ ನೋಡಿದೆ. "ನಾ ಸೋಮವಾರ ಅಂತೇ ಬರ್ದಿದ್ದೆ ಅಕ್ಕ. ನಿಮ್ಮೂರ ಮಾಸ್ತರ ತಪ್ಪ ಓದ್ಯಾನ."

ಆಕೆ ಒಂದು ಗಳಿಗೆಯೂ ಅನುಮಾನ ಪಡಲಿಲ್ಲ. ಬೈಗುಳವೆಲ್ಲ ಮಾಸ್ತರರ ಕಡೆಗೆ ಹರಿಯಿತು. "ಅಂವ ಉರ್ದು ಸಾಲಿ ಕಲ್ತಾಂವ. ಕನ್ನಡಾನೂ ಬಲಗಡಿಯಿಂದ ಓದ್ಯಾನ! ಸೋಮವಾರ ಬಲಗಡಿಯಿಂದ ಓದಿದ್ರ ಗುರುವಾರ ಆಗ್ತದೇನೋ ತಮ್ಮಾ?"

"ಆಗಬಹುದು," ಎಂದೆ. ಹೌದು, ಹಾಗೆಂದೆ!

ಅಕ್ಕ ಕೂಸನ್ನು ತೊಡೆಯ ಮೇಲೆ ಹಾಕಿಕೊಂಡು ಕೂತಳು. ನನ್ನ ಹೆಂಡತಿಗೆ ಮೆಲ್ಲಗೆ ಹೇಳಿದ್ದು ನನಗೆ ಕೇಳಿಸಿತು. "ನನ್ನ ತಮ್ಮಗ ಆಫೀಸಿನಾಗ ಮಂದಿ ನಗ್ತಾರಂತ ಖಬರ್ ಅದವ್ವ ನನಗ. ಬೀದರ ದವಾಖಾನಿ ನರ್ಸಬಾಯಿಗಿ ಕೇಳ್ದೆ, ದೊಡ್ಡ ಮಂದಿ ಏನ್ ಹೆಸರಿಡ್ತಾರಂತ. ಆಕಿ ಮೀನಾ ಅಂದ್ಳು. ಮೀನು ನನ್ನ ಚಕ್ರದಾಗೂ ಅದ. ಅದಕ್ಕ ಚೇಳು ಬಿಟ್ಟು ಮೀನಾ ಅಂತ ಇಡಬೇಕಂತ ಬಂದಿದ್ದೆ."

ನಾನು ಆಗಲೇ ಆಕೆಯ ಕಾಲು ಹಿಡಿಯಬೇಕಿತ್ತು. ಕಚೇರಿಗೆ ಹೊತ್ತಾಯಿತು ಎಂದು ಟೊಪ್ಪಿಗೆ ಹಾಕಿಕೊಂಡು ಹೊರಟೆ.

ಊರಿಗೆ ಹೋದ ಅಕ್ಕ ಮಾಸ್ತರರನ್ನು ಬಿಡಲಿಲ್ಲ. ಶಾಲೆಯ ಕಟ್ಟೆಗೆ ಹೋಗಿ, "ನಿನಗ ಓದ್ಲಿಕ್ಕ ಬರೂದಿಲ್ಲ, ನನಗೇ ಕಲಿಸು," ಎಂದಳಂತೆ! ನಲವತ್ತರ ಹತ್ತಿರದ ಹೆಂಗಸು, ಸ್ಲೇಟು ಹಿಡಿದು ಸಂಜೆ ಸಂಜೆ ಹೋಗಿ ಕೂತಳು. ಭಾಲ್ಕಿಯ ಸಂತೆಯಲ್ಲಿ ಸಿಕ್ಕ ಭಾವ ಹೇಳಿದ: "ಮಾಸ್ತರ ಆಕಿಗಿ ಕಲಿಸ್ಲಿಕ್ಕತ್ಯಾನೋ, ಆಕಿ ಮಾಸ್ತರಗ ಕಲಿಸ್ಲಿಕ್ಕತ್ಯಾಳೋ ತಿಳೀವಲ್ದು. 'ಚ' ಬರದ್ರ ಚೇಳು ಅಂತಾಳ, ಚಮಚ ಅನ್ನು ಅಂದ್ರ ಜಗಳಕ್ಕ ನಿಲ್ತಾಳ." ಕಚೇರಿಯಲ್ಲಿ ಇದನ್ನು ಹೇಳಿ ಎಲ್ಲರನ್ನೂ ನಗಿಸಿದೆ. ನನ್ನ ಕಾರ್ಡು ಇನ್ನೂ ಆಕೆಯ ಮನೆಯಲ್ಲೇ ಇದೆ ಎಂಬುದು ನಗುವಾಗ ನೆನಪಾಗಲಿಲ್ಲ.

ವರ್ಷ ತುಂಬುವ ಹೊತ್ತಿಗೆ ಔರಾದದ ವಿಳಾಸಕ್ಕೆ ಒಂದು ಕಾರ್ಡು ಬಂತು. ಒಂದೊಂದು ಅಕ್ಷರ ಒಂದೊಂದು ಬೆರಣಿಯಷ್ಟು. ಸಾಲುಗಳು ಹೊಲದ ಕಾಲುದಾರಿಯಂತೆ ಏರಿ ಇಳಿದಿದ್ದವು.

"ತಮ್ಮಗ. ನಿನ್ನ ಕಾರ್ಡು ನಾನೇ ಓದಿದೆ. ಮಾಸ್ತರಂದು ತಪ್ಪಿಲ್ಲ. ಆತನ ಕಾಲಿಗಿ ಬಿದ್ದು ಬಂದೀನಿ. ಕೂಸು ಹ್ಯಾಂಗದ."

ಅಷ್ಟೇ. ಒಂದು ಬೈಗುಳವಿಲ್ಲ. ಆಮೇಲೆಯೂ ಆಕೆ ಎಷ್ಟೋ ಸಲ ಬಂದಳು, ಮಕ್ಕಳನ್ನು ಆಡಿಸಿದಳು, ನನ್ನನ್ನು ಏಡಿ ಎಂದು ಕರೆದಳು. ಈ ಮಾತು ಮಾತ್ರ ಎಂದೂ ಎತ್ತಲಿಲ್ಲ. ನಾನೂ ಎತ್ತಲಿಲ್ಲ. ಇವತ್ತು ಹೇಳೋಣ, ಬರುವ ಹಬ್ಬಕ್ಕೆ ಹೇಳೋಣ ಎನ್ನುತ್ತ ಇರುವಾಗಲೇ ಒಂದು ಸುಗ್ಗಿಯಲ್ಲಿ ಆಕೆ ತೀರಿಕೊಂಡಳು. ಒಂದು ವರ್ಷ ಸುಮ್ಮನೆ ಬೈದದ್ದಕ್ಕೆ ಆಕೆ ಮಾಸ್ತರರ ಕಾಲಿಗೆ ಬಿದ್ದಳು. ನಾನು ಯಾರ ಕಾಲಿಗೂ ಬೀಳಲಿಲ್ಲ.

ಕಾರ್ಡು ನನ್ನ ಹತ್ತಿರ ಇದೆ. ಕೊನೆಯಲ್ಲಿ 'ನಿನ್ನ ಅಕ್ಕ' ಎಂದು ಬರೆದಿಲ್ಲ. ನನಗೆ ಅಕ್ಕ, ಮಕ್ಕಳಿಗೆ ಅತ್ತೆ, ಸಾಯಗಾಂವಕ್ಕೆ ಕಮಠಾಣದಾಕಿ. ಆಕೆಯನ್ನು ಹೆಸರು ಹಿಡಿದು ಕರೆದವರನ್ನು ನಾನು ನೋಡಿರಲೇ ಇಲ್ಲ. ಜಾಗ ಸಾಲದೆ, ಕಾರ್ಡಿನ ಅಂಚಿಗೆ ಒತ್ತಿ, ಕೊನೆಯ ಅಕ್ಷರವನ್ನು ಕೆಳಗಿಳಿಸಿ, ತನ್ನ ಕೈಯಾರೆ ಬರೆದಿದ್ದಾಳೆ: ಕಾಶಮ್ಮ.